ಸರ್ಕಾರಿ ನೌಕರಿಗೆ ಇಷ್ಟು ಭದ್ರತೆ ಬೇಕಾ?

ಉತಾರಕ್ಕೆ ಅಲೆದವ (ಬಾಗಲಕೋಟೆ):
ಅಪ್ಪ ತೀರಿಕೊಂಡು ವರ್ಷ ದಾಟಿತು. ಹೊಲದ ವಾರಸಾ, ಅಂದರೆ ಉತಾರದಲ್ಲಿ (ಪಹಣಿಯಲ್ಲಿ) ನಮ್ಮ ಹೆಸರು ಹಚ್ಚುವುದು, ಇನ್ನೂ ಆಗಿಲ್ಲ. ನಮ್ಮ ಜಿಲ್ಲೆಯ ಒಂದು ಕಚೇರಿಗೆ ಒಂಬತ್ತು ಸಲ ಹೋಗಿ ಬಂದಿದ್ದೇನೆ. ಒಂಬತ್ತು ಸಲವೂ ಒಂದೇ ಉತ್ತರ: "ಸಾಹೇಬ್ರು ಚಹಾಕ್ಕೆ ಹೋಗ್ಯಾರ, ಕೂಡ್ರಿ." ಖಾಸಗಿ ಕಂಪನಿಯಲ್ಲಿ ಹೀಗೆ ಮಾಡಿದರೆ ಸಂಜೆಗೇ ಮನೆಗೆ ಕಳಿಸುತ್ತಾರೆ. ಇಲ್ಲಿ ಆಗಲ್ಲ. ಸಂವಿಧಾನದ 311ನೇ ವಿಧಿ ಅಡ್ಡ ನಿಲ್ಲುತ್ತದೆ. ಆರೋಪ ತಿಳಿಸಬೇಕು, ವಿಚಾರಣೆ ಮಾಡಬೇಕು, ಆಮೇಲಷ್ಟೇ ವಜಾ. ಆ ವಿಚಾರಣೆ ಮುಗಿಯುವ ಹೊತ್ತಿಗೆ ಮನುಷ್ಯ ರಿಟೈರ್ ಆಗಿರುತ್ತಾನೆ! ವೀರಪ್ಪ ಮೊಯ್ಲಿ ಅವರ ಎರಡನೇ ಆಡಳಿತ ಸುಧಾರಣಾ ಆಯೋಗವೇ ಈ ವಿಧಿ ತೆಗೆದುಹಾಕಿ ಅಂದಿತ್ತು. ನಾನು ಅಂದರೆ ಮಾತ್ರ ತಪ್ಪಾ?

ನಿವೃತ್ತ ಹೆಡ್ ಕ್ಲಾರ್ಕ್ (ಬೆಳಗಾವಿ):
ಚಹಾ ಕುಡಿಯೋದೂ ತಪ್ಪಾಯಿತೇನ್ರಿ? 34 ವರ್ಷ ಸರ್ವಿಸ್ ಮಾಡಿದ್ದೇನೆ. ನಾನು ಸೇರಿದಾಗ ನಮ್ಮ ಸೆಕ್ಷನ್‌ನಲ್ಲಿ ಏಳು ಟೇಬಲ್, ಏಳು ಜನ. ರಿಟೈರ್ ಆದಾಗ ಏಳು ಟೇಬಲ್, ಮೂರು ಜನ. ಉಳಿದ ನಾಲ್ಕರ ಮೇಲೆ ಫೈಲುಗಳು ಕೂತಿದ್ದವು. ನಿಮ್ಮ ತಲಾಟಿಗೆ (ಗ್ರಾಮ ಲೆಕ್ಕಿಗನಿಗೆ) ಎಷ್ಟು ಊರಿನ ಚಾರ್ಜ್ ಇದೆ ಅಂತ ಕೇಳಿದ್ದೀರಾ? ಬೆಳಗ್ಗೆ ಮೀಟಿಂಗ್, ಸಂಜೆ ವಿಡಿಯೊ ಕಾನ್ಫರೆನ್ಸ್, ನಡುವೆ ಮಂತ್ರಿಗಳ ಪ್ರವಾಸ. ಇಷ್ಟರಲ್ಲಿ ಒಂದು ಕಪ್ ಚಹಾ ಕುಡಿದರೆ ಸಂವಿಧಾನ ತಿದ್ದಬೇಕಂತೆ.

ಉತಾರಕ್ಕೆ ಅಲೆದವ:
ಒಂದು ಕಪ್ ಅಲ್ಲ ಸಾಹೇಬ್ರೆ. ಹನ್ನೊಂದಕ್ಕೆ ಹೋದವರು ಒಂದೂವರೆಗೆ ಬಂದರು. ಅದಕ್ಕೆ ಚಹಾ ಅನ್ನಲ್ಲ, ಊಟ ಅಂತಾರೆ.

ಕೋರ್ಟ್ ಕಡೆಯವ (ಬೆಳಗಾವಿ):
ಮೊಯ್ಲಿ ಆಯೋಗದ ಅರ್ಧ ಮಾತು ಮಾತ್ರ ಎತ್ತಿಕೊಂಡು ಬಂದಿದ್ದೀರಿ. 311 ತೆಗೆಯಿರಿ ಅಂದದ್ದು ನಿಜ. ಅದರ ಜೊತೆಗೇ, ನೌಕರರ ಪ್ರಾಮಾಣಿಕ ಕೆಲಸಕ್ಕೆ ರಕ್ಷಣೆ ಕೊಡುವ ಬೇರೆ ಕಾನೂನನ್ನು ಸಂವಿಧಾನದ 309ನೇ ವಿಧಿಯ ಕೆಳಗೆ ಮಾಡಿ ಅಂತಲೂ ಅಂದಿತ್ತು. ಅದನ್ನು ಯಾಕೆ ಬಿಟ್ಟಿರಿ? ಈ ಭದ್ರತೆ ಸುಮ್ನೆ ಬಂದದ್ದಲ್ಲ. 1949ರ ಅಕ್ಟೋಬರ್ 10ರಂದು ಸರ್ದಾರ್ ಪಟೇಲರು ಸಂವಿಧಾನ ಸಭೆಯಲ್ಲಿ, ಮನಸ್ಸಿನಲ್ಲಿದ್ದದ್ದನ್ನು ಹೆದರದೆ ಹೇಳುವ ಅಧಿಕಾರಿಗಳಿಲ್ಲದಿದ್ದರೆ ದೇಶ ಒಂದಾಗಿ ಉಳಿಯುವುದಿಲ್ಲ ಎಂಬ ಅರ್ಥದ ಮಾತು ಹೇಳಿದ್ದರು. ಊರ ಪುಢಾರಿ ಬಂದು "ಆ ಗಾಯರಾಣ (ಗೋಮಾಳ) ಜಮೀನು ನಮ್ಮವನ ಹೆಸರಿಗೆ ಹಚ್ಚು" ಅಂತಾನೆ. ತಹಶೀಲ್ದಾರ "ಆಗಲ್ಲ" ಅನ್ನುವುದು ಯಾವ ಧೈರ್ಯದ ಮೇಲೆ ಅಂದುಕೊಂಡಿದ್ದೀರಿ? ಅದೇ 311.

ಕುಂದಾ ಪ್ರಿಯ (ಬೆಳಗಾವಿ):
ಪಟೇಲರು ಆವತ್ತು ಮಾತಾಡಿದ್ದು ಬ್ರಿಟಿಷರ ಕಾಲದ ಐಸಿಎಸ್ ಅಧಿಕಾರಿಗಳ ಬಗ್ಗೆ, ಚಹಾಕ್ಕೆ ಹೋದ ಕೇಸ್ ವರ್ಕರ್ ಬಗ್ಗೆ ಅಲ್ಲ. ಧೈರ್ಯದಿಂದ "ಆಗಲ್ಲ" ಅಂದ ತಹಶೀಲ್ದಾರನನ್ನು ವಜಾ ಮಾಡುವುದಿಲ್ಲ ವಕೀಲರೇ, ವರ್ಗ ಮಾಡುತ್ತಾರೆ. ಅದನ್ನು ನಿಮ್ಮ 311 ತಡೆಯುತ್ತದಾ? ಭದ್ರತೆ ಸಾಲದು ಅಂತ ನೌಕರರು 2023ರ ಮಾರ್ಚ್ 1ಕ್ಕೆ ಮುಷ್ಕರ ಮಾಡಿ ಸಂಬಳದಲ್ಲಿ 17% ಹೆಚ್ಚಳ ತೆಗೆದುಕೊಂಡರು. 2024ರ ಆಗಸ್ಟ್‌ನಿಂದ ಏಳನೇ ವೇತನ ಆಯೋಗ. ಕನಿಷ್ಠ ಮೂಲ ವೇತನ 17 ಸಾವಿರದಿಂದ 27 ಸಾವಿರಕ್ಕೆ ಹೋಯಿತು. ವಾರಸಾ ಮಾತ್ರ ಅಲ್ಲೇ ಇದೆ.

ನಿವೃತ್ತ ಹೆಡ್ ಕ್ಲಾರ್ಕ್:
"ತೆಗೆದುಕೊಂಡರು" ಅಂದರೇನ್ರಿ? ಯಾರ ಮನೆಯ ಗಂಟು? 2022ರ ಜುಲೈಯಿಂದ ಲೆಕ್ಕ ಹಾಕಬೇಕಿದ್ದ ವೇತನ ಅದು. ಎರಡು ವರ್ಷ ಎಳೆದು ಕೊಟ್ಟರು.

ಏಜೆನ್ಸಿ ಹುಡುಗ (ವಿಜಯಪುರ):
ನಾನು ಒಂದು ಮಾತು ಹೇಳಲಾ? ಆರು ವರ್ಷದಿಂದ ಇಲ್ಲಿನ ಒಂದು ಕಚೇರಿಯಲ್ಲಿ ಕಂಪ್ಯೂಟರ್ ಆಪರೇಟರ್. ಹೊರಗುತ್ತಿಗೆ. ಸಾಹೇಬ್ರು ಚಹಾಕ್ಕೆ ಹೋದಾಗ ಟೇಬಲ್ ಮೇಲೆ ಇರುವವನು ನಾನೇ. ಅವರ ಲಾಗಿನ್, ಅವರ ಕೆಲಸ, ಬೈಸಿಕೊಳ್ಳುವುದು ನಾನು. ಮೂರು ಸಲ ಟೆಂಡರ್ ಬದಲಾಯಿತು. ಮೂರು ಸಲವೂ ಹೊಸದಾಗಿ ಜಾಯಿನ್ ಆದೆ, ಸರ್ವಿಸ್ ಸೊನ್ನೆಯಿಂದ ಶುರು. ಸಂಬಳ ನಾಲ್ಕು ತಿಂಗಳಿಗೊಮ್ಮೆ. ಕೇಳಿದರೆ ಏಜೆನ್ಸಿ "ಬಿಲ್ ಆಗಿಲ್ಲ" ಅನ್ನುತ್ತದೆ, ಕಚೇರಿ "ಏಜೆನ್ಸಿ ಕೇಳು" ಅನ್ನುತ್ತದೆ. ಪಿಎಫ್ ಹಿಡಿಯುತ್ತಾರೆ, ಕಟ್ಟುತ್ತಾರೋ ಇಲ್ಲವೋ ಗೊತ್ತಿಲ್ಲ. ನನ್ನನ್ನು ತೆಗೆಯೋಕೆ ಆರೋಪವೂ ಬೇಡ, ವಿಚಾರಣೆಯೂ ಬೇಡ, ಒಂದು ಫೋನ್ ಸಾಕು. 311 ಇರಬೇಕಾ ಬೇಡವಾ ಅಂತ ನೀವು ಬಡಿದಾಡುತ್ತಿದ್ದೀರಿ. ನಮಗೆ ಯಾವ ನಂಬರಿನ ವಿಧಿ ಇದೆ?

ಕುಂದಾ ಪ್ರಿಯ:
ತಮ್ಮಾ, ನಿನ್ನ ಕಷ್ಟ ಅರ್ಥ ಆಗುತ್ತೆ. ಆದರೆ ಹಿಂಬಾಗಿಲಿನಿಂದ ಬಂದವರನ್ನು ಕಾಯಂ ಮಾಡೋಕೆ ಬರಲ್ಲ ಅಂತ ಸುಪ್ರೀಂ ಕೋರ್ಟ್ 2006ರಲ್ಲೇ ಉಮಾದೇವಿ ಕೇಸಿನಲ್ಲಿ ಹೇಳಿದೆ. ನಮ್ಮ ರಾಜ್ಯದ್ದೇ ಕೇಸು, ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿಗಳದ್ದು. ಐದು ನ್ಯಾಯಮೂರ್ತಿಗಳ ಪೀಠ.

ಅತಿಥಿ ಉಪನ್ಯಾಸಕಿ (ಬಾಗಲಕೋಟೆ):
"ಹಿಂಬಾಗಿಲು" ಅನ್ನುವ ಮಾತು ವಾಪಸ್ ತೆಗೆದುಕೊಳ್ಳಿ ಸರ್. ನಾನು ನೆಟ್ ಪಾಸಾದವಳು. ಮೆರಿಟ್ ಪಟ್ಟಿ, ಕೌನ್ಸೆಲಿಂಗ್, ಎಲ್ಲ ಮುಂಬಾಗಿಲಲ್ಲೇ ಆಗಿದೆ. ಹನ್ನೊಂದು ವರ್ಷ ಪಾಠ ಮಾಡಿದರೂ ಹೆಸರು ಅತಿಥಿ. ಅತಿಥಿ ಅಂದರೆ ಊಟಕ್ಕೆ ಕರೆದು ಕಳಿಸೋದು, ಅಲ್ವಾ? ಉಮಾದೇವಿ ತೀರ್ಪನ್ನೇ ಪೂರ್ತಿ ಓದಿ. ಮಂಜೂರಾದ ಹುದ್ದೆಯಲ್ಲಿ, ಕೋರ್ಟಿನ ಆದೇಶದ ನೆರಳಿಲ್ಲದೆ ಹತ್ತು ವರ್ಷ ದುಡಿದವರನ್ನು ಒಂದು ಸಲದ ಕ್ರಮವಾಗಿ ಕಾಯಂ ಮಾಡಿ ಅಂತಲೂ ಅದರಲ್ಲೇ ಇದೆ. 2024ರ ಡಿಸೆಂಬರ್‌ನಲ್ಲಿ ಜಗ್ಗೋ ಕೇಸಿನಲ್ಲಿ ಕೇಂದ್ರ ಜಲ ಆಯೋಗದ ಕಸ ಗುಡಿಸುವವರನ್ನು ಕಾಯಂ ಮಾಡಿಸಿದ್ದೂ ಸುಪ್ರೀಂ ಕೋರ್ಟೇ. ಉಮಾದೇವಿ ಹೆಸರು ಹೇಳಿಕೊಂಡು ನೌಕರರನ್ನು ಹಿಂಡಬೇಡಿ ಅಂತ ಅರ್ಥ ಬರುವ ಹಾಗೆ ಬರೆದಿದ್ದಾರೆ. 2006ರ ಏಪ್ರಿಲ್ ಅಂದರೆ ನಮಗೆ ಸೂತಕದ ತಿಂಗಳು. 1ನೇ ತಾರೀಖು ಹೊಸ ನೌಕರರಿಗೆ ಹಳೆ ಪಿಂಚಣಿ ಹೋಯಿತು, 10ನೇ ತಾರೀಖು ಉಮಾದೇವಿ ತೀರ್ಪು ಬಂತು.

ಗೋಳಗುಮ್ಮಟ (ವಿಜಯಪುರ):
ಹುದ್ದೆ ಖಾಲಿ ಅಂತ ಎಲ್ಲರೂ ಅಳುತ್ತಿದ್ದೀರಿ. ಭರ್ತಿ ಆದರೂ ನಮಗೆ ಏನು ಸಿಗುತ್ತದೆ? ಭೀಮಾ ನದಿಯ ಆಚೆ ದಂಡೆ ಅಫಜಲಪುರ. ಈಚೆ ದಂಡೆ ನಮ್ಮ ಇಂಡಿ. ಅದೇ ಬಿಸಿಲು, ಅದೇ ತೊಗರಿ. ಆಚೆಯವರಿಗೆ ಸಂವಿಧಾನದ 371ಜೆ ವಿಧಿ ಇದೆ. ಎ, ಬಿ ಗ್ರೂಪಿನಲ್ಲಿ 75%, ಸಿ ಗ್ರೂಪಿನಲ್ಲಿ 80%, ಡಿ ಗ್ರೂಪಿನಲ್ಲಿ 85% ಸ್ಥಳೀಯರಿಗೇ. ಈಚೆಯವರಿಗೆ ಚಹಾ ಕೂಡ ಇಲ್ಲ. ಕಾನೂನು ಸುಧಾರಣೆ ಮಾಡೋದಾದರೆ ಅಲ್ಲಿಂದ ಶುರು ಮಾಡಿ.

ಕುಂದಾ ಪ್ರಿಯ:
ಅದು ನಿಜಾಮರ ಕೈಯಲ್ಲಿದ್ದ ಭಾಗ, ಹಿಂದುಳಿದದ್ದಕ್ಕೆ ಕೊಟ್ಟರು. ನಾವು ಮುಂಬಯಿ ಪ್ರಾಂತ್ಯದವರು. ಇತಿಹಾಸ ಗೊತ್ತಿಲ್ಲದೆ ಹೊಟ್ಟೆ ಉರಿದುಕೊಂಡರೆ ಹೇಗೆ?

ಗೋಳಗುಮ್ಮಟ:
ಇತಿಹಾಸ ನೀವೇ ಹೇಳಿಕೊಡಿ. ಬಳ್ಳಾರಿ ಯಾವ ನಿಜಾಮನ ಕೈಯಲ್ಲಿತ್ತು? 1953ರವರೆಗೆ ಮದ್ರಾಸಿನಲ್ಲಿತ್ತು. ಅದು 371ಜೆ ಒಳಗೆ ಹೇಗೆ ಬಂತು?

ಕುಂದಾ ಪ್ರಿಯ:
ಬಳ್ಳಾರಿ ಹಿಂದುಳಿದಿತ್ತು, ಸೇರಿಸಿದರು.

ಗೋಳಗುಮ್ಮಟ:
ಹಾಂ! ಅಂದರೆ ಲೆಕ್ಕ ನಿಜಾಮರದ್ದಲ್ಲ, ಹಿಂದುಳಿದದ್ದರದ್ದು. ನಂಜುಂಡಪ್ಪ ಸಮಿತಿ 2002ರಲ್ಲಿ 175 ತಾಲ್ಲೂಕುಗಳಲ್ಲಿ 114 ಹಿಂದುಳಿದಿವೆ ಅಂತ ಪಟ್ಟಿ ಕೊಟ್ಟಿತು. ಆ 114 ಎಲ್ಲವೂ ಕಲಬುರಗಿ ಕಡೆ ಇವೆಯೇ?

ಉತಾರಕ್ಕೆ ಅಲೆದವ:
ರಾಜರ ಲೆಕ್ಕಕ್ಕೆ ಹೋಗೋದಾದರೆ ನಮ್ಮ ಜಮಖಂಡಿ, ಮುಧೋಳ ಸ್ವಂತ ಸಂಸ್ಥಾನಗಳು. ನಮಗೂ ಒಂದು ವಿಧಿ ಕೊಡಿ. ಆದರೆ ನನ್ನ ವಾರಸಾ...

ಭೀಮಾ ಆಚೆಯವ:
ಇಣುಕಿ ನೋಡಿ ಹೊಟ್ಟೆ ಉರಿದುಕೊಳ್ಳುವವರಿಗೆ ಒಂದು ಮಾತು. ನಮ್ಮ 371ಜೆ ಕಾಗದದ ಮೇಲೆ ಚೆಂದ ಇದೆ. ಹುದ್ದೆ ತುಂಬದೆ ಬಿಟ್ಟರೆ ಸೊನ್ನೆಯಲ್ಲಿ 80% ಎಷ್ಟಾಯಿತು? ಲೆಕ್ಕ ಮಾಡಿ ಹೇಳಿ.

ಕುಂದಾ ಪ್ರಿಯ:
ನೋಡಿ ಗುಮ್ಮಟದವರೇ, ಸಿಕ್ಕವರೇ ಖುಷಿಯಾಗಿಲ್ಲ. ನಮಗೆ ನಮ್ಮ ಹೆಸರಿನ ಹೆಮ್ಮೆ ಸಾಕು. 2021ರಲ್ಲಿ ಮುಂಬಯಿ ಕರ್ನಾಟಕ ಹೋಗಿ ಕಿತ್ತೂರು ಕರ್ನಾಟಕ ಆಯಿತು.

ಗೋಳಗುಮ್ಮಟ:
ಹೆಸರು ತಿಂದು ಹೊಟ್ಟೆ ತುಂಬುತ್ತದಾ? ವಿಜಯಪುರ ಯಾವಾಗ ಕಿತ್ತೂರಾಯಿತು? 1824ರಲ್ಲಿ ಚೆನ್ನಮ್ಮ ಬ್ರಿಟಿಷರ ಎದುರು ನಿಂತಾಗ ನಮ್ಮ ಊರು ಸಾತಾರಾ ರಾಜರ ಕೈಯಲ್ಲಿತ್ತು.

ಕುಂದಾ ಪ್ರಿಯ:
ಅಂದರೆ ಚೆನ್ನಮ್ಮ ನಿಮಗೆ ಬೇಡವಾದಳು? ಬರೆಯುವ ಮುಂಚೆ ಸ್ವಲ್ಪ ನಾಚಿಕೆ ಇರಲಿ.

ಗೋಳಗುಮ್ಮಟ:
ಎಲ್ಲಿ ಹಾಗಂದೆ? ಬರೆದದ್ದನ್ನು ಓದೋ ಮೊದಲು. ಚೆನ್ನಮ್ಮನ ಬಗ್ಗೆ ನಿನಗಿಂತ ಜಾಸ್ತಿ ಗೌರವ ನನಗಿದೆ. ನನ್ನ ತಕರಾರು ಹೆಸರಿನ ಹಲಗೆಯ ಬಗ್ಗೆ. ಆಚೆಯದಕ್ಕೆ 2019ರಲ್ಲಿ ಕಲ್ಯಾಣ ಕರ್ನಾಟಕ ಅಂತ ಹೆಸರಿಟ್ಟರು. ಆ ಕಲ್ಯಾಣಕ್ಕೆ ಹೆಸರು ತಂದ ಬಸವಣ್ಣ ನಮ್ಮ ಬಾಗೇವಾಡಿಯವನು. ಅವನ ಊರು ಕಲ್ಯಾಣದ ಹೊರಗೆ!

ಕುಂದಾ ಪ್ರಿಯ:
ಏಕವಚನ ಬೇಡ. ನಾನು ನಿನ್ನ ಮನೆಯ ಆಳಲ್ಲ.

ನಿವೃತ್ತ ಹೆಡ್ ಕ್ಲಾರ್ಕ್:
ಇಬ್ಬರೂ ಸುಮ್ಮನಿರ್ರಿ. ಕಿತ್ತೂರು, ಕಲ್ಯಾಣ ಯಾವುದೂ ಕೆಲಸಕ್ಕೆ ಬಂದಿಲ್ಲ. ಸುವರ್ಣ ವಿಧಾನಸೌಧ 2012ರಲ್ಲಿ ನಮ್ಮೂರಲ್ಲೇ ಉದ್ಘಾಟನೆ ಆಯಿತು. ಚಳಿಗಾಲದಲ್ಲಿ ಅಧಿವೇಶನ, ಉಳಿದಂತೆ ಪಾರಿವಾಳ. ಸೇವಾ ವಿಷಯದ ಫೈಲಿಗೆ ಇವತ್ತಿಗೂ ಬೆಂಗಳೂರಿಗೇ ಬಸ್ಸು ಹತ್ತಬೇಕು.

ಕೋರ್ಟ್ ಕಡೆಯವ:
ಹಾಗೇನಿಲ್ಲ ರಾಯರೇ. ಕರ್ನಾಟಕ ಆಡಳಿತ ನ್ಯಾಯಮಂಡಳಿಯ ಪೀಠ ಬೆಳಗಾವಿಯಲ್ಲೇ ಇದೆ. ಸಸ್ಪೆಂಡ್ ಆದವರು ಇಲ್ಲೇ ಬರುತ್ತಾರೆ.

ನಿವೃತ್ತ ಹೆಡ್ ಕ್ಲಾರ್ಕ್:
ಫೈಲು ಅಂದೆ. ಕೇಸು ಅನ್ನಲಿಲ್ಲ.

ಅತಿಥಿ ಉಪನ್ಯಾಸಕಿ:
ಗಂಡಸರ ಜಗಳ ಮುಗಿದಿದ್ದರೆ ಆ ಹುಡುಗ ಕೇಳಿದ ಪ್ರಶ್ನೆಗೆ ಯಾರಾದರೂ ಉತ್ತರ ಕೊಡಿ. ಅವನ ಪಿಎಫ್ ಏನಾಯಿತು?

ಗೋಳಗುಮ್ಮಟ:
"ಗಂಡಸರ ಜಗಳ" ಅಂದದ್ದು ಸರಿಯಲ್ಲ ಅಕ್ಕಾರ. ಇದು ಜಿಲ್ಲೆಯ ಪ್ರಶ್ನೆ.

ಕೋರ್ಟ್ ಕಡೆಯವ:
ಹುಡುಗನಿಗೆ ನಾನು ಹೇಳುತ್ತೇನೆ. 311 ನಿನಗೆ ಬರಲ್ಲ, ಅದು ಸರ್ಕಾರಿ ಹುದ್ದೆ ಹಿಡಿದವರಿಗೆ ಮಾತ್ರ. ಆದರೆ ಗುತ್ತಿಗೆದಾರ ಸಂಬಳ ಕೊಡದಿದ್ದರೆ ಕೆಲಸ ಮಾಡಿಸಿಕೊಂಡ ಮೂಲ ಮಾಲೀಕನೇ ಕೊಡಬೇಕು. ಗುತ್ತಿಗೆ ಕಾರ್ಮಿಕರ 1970ರ ಕಾಯ್ದೆಯ ಕಾಲದಿಂದಲೂ ಇರುವ ಮಾತು ಇದು. "ಏಜೆನ್ಸಿ ಕೇಳು" ಅಂತ ಕಚೇರಿ ಕೈ ತೊಳೆದುಕೊಳ್ಳುವ ಹಾಗಿಲ್ಲ. ಕಾರ್ಮಿಕ ಇಲಾಖೆಗೆ ಅರ್ಜಿ ಕೊಡು.

ಏಜೆನ್ಸಿ ಹುಡುಗ:
ಅರ್ಜಿ ಕೊಟ್ಟ ಮಾರನೇ ದಿನ ನನ್ನ ಲಾಗಿನ್ ಇರುತ್ತದಾ ಸರ್?

ಕೋರ್ಟ್ ಕಡೆಯವ:
ಕಾನೂನು ಹೇಳಿದೆ. ಧೈರ್ಯ ನಿನ್ನದು.

ಏಜೆನ್ಸಿ ಹುಡುಗ:
ತಹಶೀಲ್ದಾರರ ಧೈರ್ಯಕ್ಕೆ ಸಂವಿಧಾನ ಬೇಕು ಅಂತ ಮೇಲೆ ನೀವೇ ಬರೆದಿರಿ. ನನ್ನ ಧೈರ್ಯ ಮಾತ್ರ ನಾನೇ ತರಬೇಕಾ?

ಕೋರ್ಟ್ ಕಡೆಯವ:
ಮಾತಿಗೆ ಮಾತು ಜೋಡಿಸುವುದು ಸುಲಭ. ನಾನು ಹೇಳಿದ ಸಂದರ್ಭ ಬೇರೆ.

ನಿವೃತ್ತ ಹೆಡ್ ಕ್ಲಾರ್ಕ್:
ತಮ್ಮಾ, ನಿನ್ನ ಪಿಎಫ್ ಖಾತೆಯ ಯುಎಎನ್ ನಂಬರ್ ಇದೆಯಾ? ಇದ್ದರೆ ಮೊದಲು ಮೊಬೈಲ್‌ನಲ್ಲಿ ಪಾಸ್‌ಬುಕ್ ತೆಗೆದು ನೋಡು. ನಿನ್ನ ಕಡೆಯಿಂದ 12% ಹಿಡಿದದ್ದು ಜಮಾ ಆಗಿದೆಯೋ ಇಲ್ಲವೋ ತಿಂಗಳ ಪ್ರಕಾರ ಕಾಣುತ್ತದೆ. ಅದನ್ನು ನೋಡೋಕೆ ಯಾರ ಅಪ್ಪಣೆಯೂ ಬೇಡ. ಪ್ರಿಂಟ್ ತೆಗೆದು ಇಟ್ಟುಕೋ. ಬಿಲ್ ಪಾಸ್ ಮಾಡುವಾಗ ಏಜೆನ್ಸಿ ಪಿಎಫ್ ಚಲನ್ ಹಚ್ಚಲೇಬೇಕು, ನಮ್ಮ ಕಾಲದಲ್ಲಿ ಅದಿಲ್ಲದೆ ನಾನು ಬಿಲ್ ಮುಟ್ಟುತ್ತಿರಲಿಲ್ಲ.

ಕುಂದಾ ಪ್ರಿಯ:
ಎಲ್ಲರೂ ನಿಮ್ಮ ಹಾಗೆ ಚಲನ್ ನೋಡಿದ್ದರೆ ಈ ಹುಡುಗ ಇಲ್ಲಿ ಬಂದು ಬರೆಯುತ್ತಿರಲಿಲ್ಲ. ಬಿಲ್ ಪಾಸ್ ಮಾಡಿದವನೂ ನಿಮ್ಮ 311ರ ನೌಕರನೇ. ನನ್ನ ಮಾತು ಗೆದ್ದಿತು.

ನಿವೃತ್ತ ಹೆಡ್ ಕ್ಲಾರ್ಕ್:
ಒಬ್ಬ ಮಾಡಿದರೆ ಎಲ್ಲರೂ ಮಾಡಿದ ಹಾಗಾ? ನೀವು ಯಾವ ಕೆಲಸದಲ್ಲಿದ್ದೀರಿ, ಅದನ್ನು ಮೊದಲು ಹೇಳ್ರಿ.

ಕುಂದಾ ಪ್ರಿಯ:
ಸ್ವಂತ ಅಂಗಡಿ. ಚಹಾಕ್ಕೆ ಹೋದರೆ ಗಿರಾಕಿ ಹೋಗುತ್ತಾನೆ.

ಕೋರ್ಟ್ ಕಡೆಯವ:
ಇನ್ನೊಂದು. 311 ಇದ್ದರೆ ಯಾರನ್ನೂ ತೆಗೆಯೋಕೆ ಆಗಲ್ಲ ಅನ್ನುವುದೇ ಸುಳ್ಳು. ಅಪರಾಧ ಸಾಬೀತಾಗಿ ಶಿಕ್ಷೆಯಾದವರಿಗೆ, ವಿಚಾರಣೆ ನಡೆಸುವುದು ಸಾಧ್ಯವೇ ಇಲ್ಲದ ಪ್ರಸಂಗದಲ್ಲಿ, ದೇಶದ ಭದ್ರತೆಯ ವಿಷಯದಲ್ಲಿ ವಿಚಾರಣೆ ಬೇಕಿಲ್ಲ. ಸುಪ್ರೀಂ ಕೋರ್ಟಿನ 1985ರ ತುಳಸಿರಾಮ್ ಪಟೇಲ್ ತೀರ್ಪು ನೋಡಿ. ಮೂರು ತಿಂಗಳೊಳಗೆ ದೋಷಾರೋಪ ಪಟ್ಟಿ ಕೊಡದೆ ಸಸ್ಪೆನ್ಷನ್ ಎಳೆಯಬಾರದು ಅಂತ 2015ರಲ್ಲೂ ಹೇಳಿದ್ದಾರೆ. ಕಾನೂನು ಸಾಲದಾಗಿಲ್ಲ. ವಿಚಾರಣಾಧಿಕಾರಿ ತಾರೀಖು ಕೊಡುತ್ತಾ ಕೂರುತ್ತಾನೆ, ರೋಗ ಅಲ್ಲಿದೆ.

ಉತಾರಕ್ಕೆ ಅಲೆದವ:
ತಾರೀಖು ಕೊಡುವವನೂ ನೌಕರನೇ, ಅಲ್ವಾ? ಅವನ ಮೇಲೆ ವಿಚಾರಣೆ ಯಾರು ಮಾಡಬೇಕು?

ನಿವೃತ್ತ ಹೆಡ್ ಕ್ಲಾರ್ಕ್:
ಅಲೆದಾಡುವ ಬದಲು "ಸಕಾಲ" ಯೋಜನೆಯಲ್ಲಿ ಅರ್ಜಿ ಹಾಕಿದ್ದೀರಾ? ಅವಧಿ ಮೀರಿದರೆ ಮೇಲ್ಮನವಿ ಇದೆ, ದಿನಕ್ಕೆ 20 ರೂಪಾಯಿ ಪರಿಹಾರವೂ ಇದೆ.

ಉತಾರಕ್ಕೆ ಅಲೆದವ:
20 ರೂಪಾಯಿ! ಜಾಸ್ತಿ ಅಂದರೆ 500. ನಾನು ಬಸ್ಸಿಗೇ ಅದಕ್ಕಿಂತ ಹೆಚ್ಚು ಕೊಟ್ಟಿದ್ದೇನೆ.

ಉತಾರಕ್ಕೆ ಅಲೆದವ (ಮರುದಿನ):
ಇವತ್ತು ಹತ್ತನೇ ಸಲ ಹೋಗಿದ್ದೆ. ಟೇಬಲ್ ಮೇಲೆ ಹೊರಗುತ್ತಿಗೆಯ ಹುಡುಗಿ ಇದ್ದಳು. ಐದು ನಿಮಿಷದಲ್ಲಿ ಫೈಲು ಹುಡುಕಿ ತೆಗೆದಳು. ಎಲ್ಲ ಸರಿ ಇದೆ, ಸಹಿ ಒಂದು ಬಾಕಿ ಅಂದಳು. ಸಹಿ ಹಾಕುವವರು ಚಹಾಕ್ಕೆ ಹೋಗಿದ್ದರು.

ನಿವೃತ್ತ ಹೆಡ್ ಕ್ಲಾರ್ಕ್:
ಎಷ್ಟು ಗಂಟೆಗೆ ಹೋಗಿದ್ದಿರಿ?

ಉತಾರಕ್ಕೆ ಅಲೆದವ:
ಹನ್ನೊಂದೂವರೆ.

ನಿವೃತ್ತ ಹೆಡ್ ಕ್ಲಾರ್ಕ್:
ಅದು ಚಹಾದ ಹೊತ್ತೇ ಅಲ್ಲೇನ್ರಿ ಮತ್ತೆ?

ಏಜೆನ್ಸಿ ಹುಡುಗ:
ಪಾಸ್‌ಬುಕ್ ತೆಗೆದು ನೋಡಿದೆ ಕಾಕಾ. ಮೊದಲ ಏಜೆನ್ಸಿ ಕಟ್ಟಿದೆ. ಎರಡನೆಯದು ಏಳು ತಿಂಗಳು ಕಟ್ಟಿ ಬಿಟ್ಟಿದೆ. ಈಗಿನದು ಒಂದು ತಿಂಗಳೂ ಇಲ್ಲ.

ಗೋಳಗುಮ್ಮಟ:
ಅದೆಲ್ಲ ಇರಲಿ, ಬಳ್ಳಾರಿ ಹೇಗೆ ಸೇರಿತು ಅನ್ನೋದಕ್ಕೆ ಇನ್ನೂ ಯಾರೂ ಉತ್ತರ ಕೊಟ್ಟಿಲ್ಲ.