ಪದಚರ್ಚೆ: ಮೂಕಿ ಚಿತ್ರಗಳ ‘ಸ್ಟೀರಿಯೋಟೈಪ್’ಗೆ ಕನ್ನಡದಲ್ಲಿ ಏನೆನ್ನಬೇಕು?

ಮಾನ್ಯರೇ,

ಫ್ರಾನ್ಸಿನ ಆರಂಭಕಾಲದ ಮೂಕಿ ಚಿತ್ರಗಳ ಪ್ರದರ್ಶನಕ್ಕೆ ವಿವರಣಾ ಫಲಕಗಳನ್ನು ಅನುವಾದಿಸುತ್ತಿದ್ದೇನೆ. ನಾಳೆ ಸಂಜೆಯೊಳಗೆ ಅಚ್ಚಿಗೆ ಕೊಡಬೇಕು. ಅಲ್ಲಿನ ಚಿತ್ರ ನಿರ್ದೇಶಕ ಮೆಲಿಯೆ 1901ರಲ್ಲಿ ತೆಗೆದ ಕಿರುಚಿತ್ರವೊಂದರಲ್ಲಿ ಬಂಡಿಯೇರಿ ಬಂದ ನಾಲ್ವರು ಕಪ್ಪು ವರ್ಣೀಯರು ಬಿಳಿ ವಿದೂಷಕರಾಗುತ್ತಾರೆ, ಕೆನ್ನೆಗೆ ಏಟು ಬಿದ್ದೊಡನೆ ಮತ್ತೆ ಕಪ್ಪಾಗುತ್ತಾರೆ. ಕೊನೆಗೆ ನಾಲ್ವರೂ ಒಬ್ಬನೇ ಕಪ್ಪು ದೈತ್ಯನಾಗಿ ಸಿಡಿದು ಚೂರಾಗುತ್ತಾರೆ. ಲೂಮಿಯೇರ್ ಸೋದರರ ಚಿತ್ರಸಂಸ್ಥೆ 1900ರಲ್ಲಿ ಚಿತ್ರಿಸಿದ ಸರ್ಕಸ್ ವಿದೂಷಕರ ಜೋಡಿಯಲ್ಲಿ ಬಿಳಿಯ ಫುಟಿಟ್ ದರ್ಪ ತೋರುವವನು. ಕ್ಯೂಬಾದಲ್ಲಿ ಹುಟ್ಟಿದ ರಾಫೆಲ್ ಪದಿಲ್ಲಾ ‘ಶೊಕೊಲಾ’ (ಚಾಕೊಲೇಟ್) ಎಂಬ ಅಡ್ಡಹೆಸರಿನಲ್ಲಿ ಪೆಟ್ಟು ತಿನ್ನುವವನು. ಇಡೀ ಜನವರ್ಗವನ್ನು ಒಂದೇ ಅಚ್ಚಿನಲ್ಲಿ ತೋರುವ ಇಂಥ ಚಿತ್ರಣಕ್ಕೆ ಇಂಗ್ಲಿಷಿನಲ್ಲಿ ‘ಸ್ಟೀರಿಯೋಟೈಪ್’ ಎನ್ನುತ್ತಾರೆ; ಅದನ್ನು ‘ಜನಾಂಗೀಯ ಪೂರ್ವಗ್ರಹ’ ಎಂದು ಬರೆದಿದ್ದೇನೆ. ಸರಿಯೇ?

ಉತ್ತರ:

ಸರಿಯಲ್ಲ. ಪೂರ್ವಗ್ರಹ ನೋಡುವವನ ಮನಸ್ಸಿನಲ್ಲಿರುವುದು. ನೀವು ಹೆಸರಿಡಬೇಕಾದದ್ದು ತೆರೆಯ ಮೇಲಿನ ಆಕೃತಿಗೆ. ಸ್ಟೀರಿಯೋಟೈಪ್ ಎಂಬುದೇ ಫ್ರಾನ್ಸಿನ ಮುದ್ರಣಾಲಯದಿಂದ ಬಂದ ಮಾತು. ಜೋಡಿಸಿದ ಅಚ್ಚುಮೊಳೆಗಳ ಪುಟವನ್ನು ಒಂದೇ ಲೋಹದ ಫಲಕವಾಗಿ ಎರಕ ಹೊಯ್ಯುವ ವಿಧಾನಕ್ಕೆ ಹದಿನೆಂಟನೆಯ ಶತಮಾನದ ಕೊನೆಯಲ್ಲಿ ಮುದ್ರಕ ದಿದೊ ಆ ಹೆಸರನ್ನು ಬಳಸಿದ. ಅಮೆರಿಕದ ಪತ್ರಕರ್ತ ವಾಲ್ಟರ್ ಲಿಪ್‌ಮನ್ 1922ರಲ್ಲಿ ಅದನ್ನು ಮನುಷ್ಯರ ಕುರಿತ ಕಲ್ಪನೆಗಳಿಗೆ ಅನ್ವಯಿಸಿದ. ಅಚ್ಚಿನಿಂದ ಹುಟ್ಟಿದ ಮಾತಿಗೆ ‘ಪಡಿಯಚ್ಚು’ ಇರುವಾಗ ಸಂಸ್ಕೃತದ ಮನೆಗೆ ಸಾಲಕ್ಕೆ ಹೋಗುವುದೇಕೆ?

ಮರು ಉತ್ತರ:

ವ್ಯುತ್ಪತ್ತಿ ಸೊಗಸಾಗಿದೆ, ಪ್ರಯೋಗ ತಪ್ಪಾಗಿದೆ. ‘ಮಗ ಅಪ್ಪನ ಪಡಿಯಚ್ಚು’ ಎಂದರೆ ಮೂಲಕ್ಕೆ ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲವೆಂದು ಅರ್ಥ. ಹಾಗಿರುವಾಗ ಫಲಕದ ಮೇಲೆ ‘ಕಪ್ಪು ವರ್ಣೀಯರ ಪಡಿಯಚ್ಚು’ ಎಂದು ಬರೆದರೆ ಮೆಲಿಯೆಯ ಸಿಡಿಯುವ ದೈತ್ಯನೇ ಅವರ ನಿಜರೂಪವೆಂದು ನಾವೇ ಒಪ್ಪಿಕೊಂಡಂತಾಗುತ್ತದೆ. ಇಲ್ಲಿ ಆಕ್ಷೇಪವಿರುವುದೇ ಆ ಆಕೃತಿ ಯಾರನ್ನೂ ಹೋಲುವುದಿಲ್ಲವೆಂಬುದಕ್ಕೆ. ‘ಸಿದ್ಧಮಾದರಿ’ ಎನ್ನಿ: ಆಕೃತಿ ಮೊದಲೇ ತಯಾರಾಗಿರುತ್ತದೆ, ಪದಿಲ್ಲಾನಂಥ ನಿಜವಾದ ಮನುಷ್ಯನನ್ನು ಆಮೇಲೆ ಅದರೊಳಗೆ ತುರುಕಲಾಗುತ್ತದೆ. ಸಾಲದ ಮಾತೇ ಬೇಡವೆನ್ನುವವರು ಮೊದಲು ‘ಜನಾಂಗ’ವನ್ನು ಬಿಟ್ಟು ತೋರಿಸಲಿ.

ಉತ್ತರ:

‘ಸಿದ್ಧಮಾದರಿ’ಗೆ ಸಿದ್ಧ ಉಡುಪಿನ ಅಂಗಡಿಯ ವಾಸನೆಯಿದೆ. ‘ಜನಾಂಗ’ಕ್ಕೆ ಬದಲಾಗಿ ‘ಬುಡಕಟ್ಟು’ ಇದೆ.

ಮರು ಉತ್ತರ:

ಬುಡಕಟ್ಟು ಬೇರೆ, ಜನಾಂಗ ಬೇರೆ. ಅನುವಾದಕರು ಇವೆರಡನ್ನೂ ಕಲಸಿದರೆ ಕ್ಯೂಬಾದ ಹವಾನಾದಿಂದ ಬಂದ ನಟ ಪದಿಲ್ಲಾನನ್ನು ಕಾಡಿಗೆ ಕಳುಹಿಸಿದಂತಾಗುತ್ತದೆ, ಆ ಕಾಲದ ಫ್ರೆಂಚ್ ಪ್ರೇಕ್ಷಕರು ಮಾಡಿದ್ದೂ ಅದನ್ನೇ.

ಮಾನ್ಯರೇ,

ಉಡುಪಿನ ಅಂಗಡಿಯ ವಾಸನೆ ಇಲ್ಲಿ ಉಪಕಾರಕ್ಕೇ ಬಂದಿದೆ. ‘ಕಪ್ಪು ವರ್ಣೀಯರ ಮೇಲೆ ಹೊರಿಸಿದ ಸಿದ್ಧಮಾದರಿಗಳು’ ಎಂದು ತಿದ್ದಿ ಕಳುಹಿಸುತ್ತಿದ್ದೇನೆ.