‘ಅಜ್ಜಿ ಮನೆ’ ಗುಂಪಿನಲ್ಲಿ ಒಂದು ಭಾನುವಾರ

ನಮ್ಮ ಮನೆತನದ ವಾಟ್ಸಾಪ್ ಗುಂಪಿನ ಹೆಸರು ‘ಅಜ್ಜಿ ಮನೆ’. 37 ಜನ ಇದ್ದೀವಿ. ಹಾಸನದ ಪಕ್ಕದ ಹಳ್ಳಿಯಲ್ಲಿದ್ದ ಆ ಮನೆ ಬಿದ್ದು ವರ್ಷಗಳಾದವು, ಗುಂಪು ಮಾತ್ರ ಉಳಿದಿದೆ. ಕಳೆದ ಭಾನುವಾರ ಅಲ್ಲಿ ನಡೆದದ್ದನ್ನು ಹೆಸರು ಬದಲಿಸಿ ಇಲ್ಲಿ ಹಾಕುತ್ತಿದ್ದೇನೆ. ಶಾರದತ್ತೆಯನ್ನು ಕೇಳಿದ ಮೇಲೆಯೇ ಹಾಕುತ್ತಿದ್ದೇನೆ.

ಬೆಳಿಗ್ಗೆ ಏಳೂವರೆಗೆ ದೊಡ್ಡಪ್ಪ ಕಳಿಸಿದ್ದು ಇದು. ಮೇಲೆ ‘ಅನೇಕ ಬಾರಿ ಫಾರ್ವರ್ಡ್ ಆಗಿದೆ’ ಎಂಬ ಜೋಡಿ ಬಾಣದ ಗುರುತು ಇತ್ತು.

“ಎಲ್ಲರೂ ತಪ್ಪದೇ ಓದಿ!! ಅಮೆರಿಕ ಸರ್ಕಾರ ತನ್ನ ಒಲಿಂಪಿಕ್ ಮತ್ತು ಅಂಗವಿಕಲ ಆಟಗಾರರಿಗೆ ‘ಹಾಲ್ ಆಫ್ ಫೇಮ್’ ಎಂಬ ಅರಮನೆ ಕಟ್ಟಿಸಿದೆ. ಅಲ್ಲಿ ಹೆಸರು ಬಂದವರಿಗೆ ಸಾಯುವವರೆಗೂ ಪಿಂಚಣಿ, ಸ್ವಂತ ಮನೆ. ನಮ್ಮಲ್ಲಿ? ಪದಕ ಗೆದ್ದವರು ಬೀದಿಯಲ್ಲಿ! ಕನಿಷ್ಠ 10 ಜನರಿಗೆ ಕಳಿಸಿ.”

ದೊಡ್ಡಪ್ಪ: ಮುಂದುವರಿದ ದೇಶ ಅಂದರೆ ಇದು. ನಮ್ಮಲ್ಲಿ ಕೃತಜ್ಞತೆ ಅನ್ನೋದು ಸತ್ತು ಹೋಗಿದೆ. ಮಕ್ಕಳಿಗೆ ಓದಿ ಹೇಳಿ.

ಲಲಿತ ಚಿಕ್ಕಮ್ಮ: 🙏🙏 ಸತ್ಯವಾದ ಮಾತು ಭಾವ

ಮಂಜು: ದೊಡ್ಡಪ್ಪ, ಇದನ್ನ ಎಲ್ಲಿಂದ ತಗೊಂಡ್ರಿ? ಮೂಲ ಯಾವುದು?

ದೊಡ್ಡಪ್ಪ: ನಮ್ಮ ವಾಕಿಂಗ್ ಗುಂಪಿನಲ್ಲಿ ಬಂತು. ರಿಟೈರ್ಡ್ ಎಂಜಿನಿಯರ್ ಹಾಕಿದ್ದು.

ಮಂಜು: ಕೊರೊನಾ ಟೈಮಲ್ಲಿ ಕಷಾಯದ ಮೆಸೇಜೂ ಅವರದ್ದೇ ಅಲ್ವಾ?

ದೊಡ್ಡಪ್ಪ: ಹಿರಿಯರ ಹತ್ತಿರ ಮಾತಾಡೋ ರೀತಿನಾ ಇದು? ನಿಮ್ಮಪ್ಪ ಯಾವತ್ತೂ ನನಗೆ ಎದುರಾಡಿಲ್ಲ.

ಮಂಜು: ಎದುರಾಡ್ತಿಲ್ಲ, ಕೇಳ್ತಿದೀನಿ ಅಷ್ಟೇ. ಅದನ್ನ ನಡೆಸೋ ಅಮೆರಿಕದ ಒಲಿಂಪಿಕ್ ಮತ್ತು ಪ್ಯಾರಾಲಿಂಪಿಕ್ (ಅಂದ್ರೆ ವಿಶೇಷಚೇತನರ ಒಲಿಂಪಿಕ್) ಸಮಿತಿ ಸರ್ಕಾರದ ದುಡ್ಡಲ್ಲಿ ನಡೆಯೋದೇ ಅಲ್ಲ. ಟಿವಿ ಹಕ್ಕು, ಪ್ರಾಯೋಜಕರು, ದಾನಿಗಳು ಕೊಡೋ ದುಡ್ಡು. ಹಾಲ್ ಆಫ್ ಫೇಮ್ ಅಂದ್ರೆ ದೊಡ್ಡ ಆಟಗಾರರ ಹೆಸರು ಸೇರಿಸೋ ಗೌರವದ ಪಟ್ಟಿ, ಪಿಂಚಣಿ ಯೋಜನೆ ಅಲ್ಲ. ಪಿಂಚಣಿ ಇರೋದು ನಮ್ಮಲ್ಲಿ. ಒಲಿಂಪಿಕ್ಸ್ ಆಗಲಿ ಪ್ಯಾರಾಲಿಂಪಿಕ್ಸ್ ಆಗಲಿ, ಪದಕ ಗೆದ್ದೋರಿಗೆ ತಿಂಗಳಿಗೆ 20 ಸಾವಿರ, 2018ರಲ್ಲಿ ಪರಿಷ್ಕರಣೆ ಆಗಿದ್ದು. ಕೇಂದ್ರದ ನಗದು ಬಹುಮಾನನೂ ಸಮ: ಚಿನ್ನಕ್ಕೆ 75 ಲಕ್ಷ. ಅಮೆರಿಕದಲ್ಲಿ ಪದಕದ ಹಣ ಇಬ್ಬರಿಗೂ ಸಮ ಆಗಿದ್ದೂ ಅದೇ 2018ರಲ್ಲಿ.

ಲಲಿತ ಚಿಕ್ಕಮ್ಮ: ಹಂಗಾದ್ರೆ ಬೀದಿಯಲ್ಲಿ ಇರೋರು ಯಾರು?

ದೊಡ್ಡಪ್ಪ: ಕಾಗದದ ಮೇಲೆ ಎಲ್ಲಾ ಇರುತ್ತೆ. ನಮ್ಮ ಹಾಸನದ ಗಿರೀಶನಿಗೆ ಏನು ಕೊಟ್ಟರು?

ಮಂಜು: 2013ರಲ್ಲಿ ಪದ್ಮಶ್ರೀ, 2014ರಲ್ಲಿ ಅರ್ಜುನ. ಲಂಡನ್ ಪ್ಯಾರಾಲಿಂಪಿಕ್ಸ್‌ನಲ್ಲಿ ಭಾರತಕ್ಕೆ ಬಂದ ಒಂದೇ ಪದಕ ಅವರದ್ದು. ಎತ್ತರ ಜಿಗಿತ, 1.74 ಮೀಟರ್.

ರಮೇಶಣ್ಣ: ಹಾಸನ ಅಂದ್ರೆ ಹಾಸನ ಕಣ್ರೋ!! ಸುಹಾಸ್ ಯತಿರಾಜ್ ಕೂಡ ಹುಟ್ಟಿದ್ದು ನಮ್ಮೂರಲ್ಲೇ. ಐಎಎಸ್ ಮಾಡ್ಕೊಂಡು ಟೋಕಿಯೋ, ಪ್ಯಾರಿಸ್ ಎರಡರಲ್ಲೂ ಬ್ಯಾಡ್ಮಿಂಟನ್ ಬೆಳ್ಳಿ. ಹೇಮಾವತಿ ನೀರಿನ ಮಹಿಮೆ

ರಮೇಶಣ್ಣ: ನೆನಪಿದೆಯಾ, ಬೇಸಿಗೆ ರಜಕ್ಕೆ ಶೆಟ್ಟಿಹಳ್ಳಿ ಚರ್ಚ್ ನೋಡೋಕೆ ಹೋಗಿದ್ವಲ್ಲ, ಅಜ್ಜಿ ಪುಳಿಯೋಗರೆ ಕಟ್ಟಿಕೊಟ್ಟಿದ್ರು, ಬಾಳೆ ಎಲೆ ಮೇಲೆ ಇರುವೆ ಮುತ್ಕೊಂಡಿತ್ತು

ಲಲಿತ ಚಿಕ್ಕಮ್ಮ: ಅದು ಪುಳಿಯೋಗರೆ ಅಲ್ಲ ಚಿತ್ರಾನ್ನ. ನಾನೇ ಕಲಸಿದ್ದು. ಯಾರೂ ನನ್ನ ಹೆಸರು ಹೇಳಲ್ಲ.

ಮುಂದಿನ ನಲವತ್ತು ಮೆಸೇಜು ಆ ಬುತ್ತಿಯ ಮೇಲೆಯೇ ನಡೆಯಿತು. ಅಷ್ಟರಲ್ಲಿ ಡೆನ್ವರ್‌ನಲ್ಲಿರುವ ಸವಿತಾ ಬಂದಳು. ಕೊಲೊರಾಡೊ ಸ್ಪ್ರಿಂಗ್ಸ್ ಅವಳಿಗೆ ಕಾರಿನಲ್ಲಿ ಒಂದೂಕಾಲು ಗಂಟೆಯ ದಾರಿ, ಹಾಲ್ ಆಫ್ ಫೇಮ್ ಇರುವ ಅಲ್ಲಿನ ಒಲಿಂಪಿಕ್ ಮತ್ತು ಪ್ಯಾರಾಲಿಂಪಿಕ್ ಮ್ಯೂಸಿಯಂ ನೋಡಿ ಬಂದವಳು. ಇಡೀ ಗುಂಪಿನಲ್ಲಿ ವಿಷಯವನ್ನು ಕಣ್ಣಾರೆ ಕಂಡಿದ್ದವಳು ಅವಳೊಬ್ಬಳೇ.

ಸವಿತಾ: ದೊಡ್ಡಪ್ಪ, ಮಂಜು ಹೇಳಿದ್ದು ಸರಿ. ಆದ್ರೆ ಅಲ್ಲಿ ಬೇರೇನೇ ಒಂದು ವಿಷಯ ಇದೆ. ಇದನ್ನ ಶುರು ಮಾಡಿದಾಗ ಬರೀ ಒಲಿಂಪಿಕ್ ಹಾಲ್ ಆಫ್ ಫೇಮ್. 1983ರ ಮೊದಲ ಪಟ್ಟಿಯಲ್ಲಿ ಜೆಸ್ಸಿ ಓವೆನ್ಸ್, ಜಿಮ್ ಥೋರ್ಪ್, ವಿಲ್ಮಾ ರುಡಾಲ್ಫ್ ಇದ್ರು. ವಿಲ್ಮಾಗೆ ಚಿಕ್ಕಂದಿನಲ್ಲಿ ಪೋಲಿಯೋ ಆಗಿತ್ತು, ಕಾಲಿಗೆ ಕಬ್ಬಿಣದ ಪಟ್ಟಿ ಹಾಕಿದ್ರು, ಆಮೇಲೆ ರೋಮ್‌ನಲ್ಲಿ ಓಡಿ ಮೂರು ಚಿನ್ನ. ಆದ್ರೆ ಪ್ಯಾರಾಲಿಂಪಿಕ್ಸ್ ಆಡಿದ ಮೊದಲನೆಯವರು, ರ‍್ಯಾಂಡಿ ಸ್ನೋ, ಆ ಪಟ್ಟಿಗೆ ಸೇರಿದ್ದು 2004ರಲ್ಲಿ. ಸಮಿತಿಯ ಹೆಸರಿಗೆ ‘ಪ್ಯಾರಾಲಿಂಪಿಕ್’ ಸೇರಿಸಿದ್ದಂತೂ 2019ರಲ್ಲಿ.

ಸವಿತಾ: 2025ರ ಪಟ್ಟಿ ನೋಡಿ. ಸೆರೆನಾ ವಿಲಿಯಮ್ಸ್, ಆಲಿಸನ್ ಫೆಲಿಕ್ಸ್, ಅವರ ಜೊತೆಗೇ ಮಾರ್ಲಾ ರನ್ಯನ್. ಕಣ್ಣು ಸರಿಯಾಗಿ ಕಾಣದವರು. ಪ್ಯಾರಾಲಿಂಪಿಕ್ಸ್‌ನಲ್ಲಿ ಐದು ಚಿನ್ನ ಗೆದ್ದು, 2000ದ ಸಿಡ್ನಿ ಒಲಿಂಪಿಕ್ಸ್‌ನಲ್ಲೂ 1500 ಮೀಟರ್ ಓಡಿ ಎಂಟನೇ ಸ್ಥಾನ. ಹೆಸರುಗಳೆಲ್ಲ ಒಂದೇ ಪಟ್ಟಿಯಲ್ಲಿ.

ಇದಕ್ಕೆ ಬಂದದ್ದು ಒಂದೇ ಒಂದು ಹೆಬ್ಬೆರಳು. ಯಾಕೆಂದರೆ ಅಷ್ಟರಲ್ಲಿ ಮಂಜುವಿನ ಹೆಂಡತಿ ‘ಅಂಗವಿಕಲ ಅನ್ನಬಾರದು, ವಿಶೇಷಚೇತನ ಅನ್ನಬೇಕು’ ಎಂದು ಬರೆದಿದ್ದಳು. ‘ಶಬ್ದ ಕಲಿಸೋಕೆ ಬರಬೇಡಿ, ನಾನು 34 ವರ್ಷ ಕನ್ನಡ ಪಾಠ ಮಾಡಿದವನು’ ಎಂದು ದೊಡ್ಡಪ್ಪ. ಆಗ ನನಗೆ ತಡೆಯಲಾಗಲಿಲ್ಲ.

ನಾನು: ಸವಿತಾ ಬರೆದದ್ದನ್ನ ಯಾರಾದ್ರೂ ಓದಿದ್ರಾ? ಪಿಂಚಣಿ ಸುಳ್ಳೋ ನಿಜವೋ ಆಮೇಲೆ ನೋಡೋಣ. ಒಂದೇ ಪಟ್ಟಿಯಲ್ಲಿ ಹೆಸರು ಬರೋಕೆ ಅಲ್ಲಿನ ಪ್ಯಾರಾಲಿಂಪಿಕ್ಸ್ ಆಟಗಾರರು 21 ವರ್ಷ ಕಾಯಬೇಕಾಯ್ತು. ನಮ್ಮ ಮುರಳೀಕಾಂತ್ ಪೇಟ್ಕರ್ 1965ರ ಯುದ್ಧದಲ್ಲಿ ಗುಂಡು ತಿಂದ ಸೈನಿಕ, 1972ರಲ್ಲಿ ಹೈಡೆಲ್‌ಬರ್ಗ್‌ನಲ್ಲಿ 50 ಮೀಟರ್ ಈಜಿ ಭಾರತಕ್ಕೆ ಮೊದಲ ಪ್ಯಾರಾಲಿಂಪಿಕ್ ಚಿನ್ನ ತಂದ್ರು. ಪದ್ಮಶ್ರೀ ಬಂದಿದ್ದು 2018ರಲ್ಲಿ, ಅರ್ಜುನ 2025ರ ಜನವರಿಯಲ್ಲಿ. 52 ವರ್ಷ ಆದ್ಮೇಲೆ. ಮರೆತಿದ್ದು ಸರ್ಕಾರ ಮಾತ್ರ ಅಲ್ಲ, ನಾವೂ ಮರೆತ್ವಿ. ನಮ್ಮ ಮನೆಯಲ್ಲೇ ಈಜೋರು ಒಬ್ಬರಿದ್ರು.

ಈ ಕೊನೆಯ ಸಾಲನ್ನು ನಾನು ಬೇಕೆಂದೇ ಬರೆದೆ. ಶಾರದತ್ತೆಗೆ ಎರಡನೇ ವಯಸ್ಸಿನಲ್ಲಿ ಪೋಲಿಯೋ ಆಗಿ ಎಡಗಾಲು ಸಣಕಲಾಯಿತು. ನೆಲದ ಮೇಲೆ ಕೋಲು ಬೇಕು, ಊರ ಕೆರೆಯಲ್ಲಿ ಏನೂ ಬೇಡ. ಈ ದಡದಿಂದ ಆ ದಡಕ್ಕೆ ಹೋಗಿ ನಿಲ್ಲದೆ ವಾಪಸು ಬರುತ್ತಿದ್ದರು. ಕೋಲು ಮತ್ತು ಲಂಗ ಸೋಪಾನದ ಮೇಲೆ, ಕಾಯೋಕೆ ನಮ್ಮಪ್ಪ. 1981 ಅಂಗವಿಕಲರ ಅಂತರರಾಷ್ಟ್ರೀಯ ವರ್ಷ. ಬೆಂಗಳೂರಿನಲ್ಲಿ ಏನೋ ಕ್ರೀಡಾಕೂಟ ಇದೆ ಎಂದು ಡ್ರಿಲ್ ಮೇಷ್ಟ್ರು ಒಂದು ಫಾರಂ ತುಂಬಿ ಮನೆಗೆ ಕಳಿಸಿದ್ದರು. ಅತ್ತೆ ಹೋಗಲಿಲ್ಲ. ಈ ವಿಷಯ ನಮ್ಮ ಮನೆಯಲ್ಲಿ ಯಾರೂ ಗಟ್ಟಿಯಾಗಿ ಮಾತಾಡುವುದಿಲ್ಲ.

ರಮೇಶಣ್ಣ: ಅಯ್ಯೋ ಆ ಕೆರೆ!! ಈಗ ಬರೀ ಜೊಂಡು

ದೊಡ್ಡಪ್ಪ: ಹಳೇದನ್ನ ಯಾಕೆ ಕೆದಕ್ತೀಯ? ಆ ಕಾಲದಲ್ಲಿ ಹೆಣ್ಣುಮಗು, ಅದೂ ಕಾಲು ಹೀಗಿರೋಳನ್ನ, ಬಸ್ಸು ಹತ್ತಿಸಿ ಬೆಂಗಳೂರಿಗೆ ಹ್ಯಾಗೆ ಕಳಿಸೋದು? ಜನ ನೋಡಿ ನಗ್ತಿದ್ರು. ಅಪ್ಪನೇ ಬೇಡ ಅಂದ್ರು.

ಲಲಿತ ಚಿಕ್ಕಮ್ಮ: ಬಿಡಿ ಎಲ್ಲಾರೂ. ಭಾನುವಾರ ಚೆನ್ನಾಗಿ ಊಟ ಮಾಡಿ

ಶಾರದತ್ತೆ ಗುಂಪಿನಲ್ಲಿ ಬರೆಯುವುದು ಹುಟ್ಟುಹಬ್ಬಕ್ಕೆ ಮಾತ್ರ. ಅವರ ಹೆಸರಿನ ಕೆಳಗೆ ‘ಟೈಪಿಂಗ್’ ಎಂದು ಬಹಳ ಹೊತ್ತು ಕಂಡಿತು, ಹೋಯಿತು, ಮತ್ತೆ ಬಂತು.

ಶಾರದತ್ತೆ: ಅಪ್ಪನಿಗೆ ನೀನು ತೋರಿಸ್ಲೇ ಇಲ್ಲ ಅಣ್ಣ. ಮೇಷ್ಟ್ರು ಆಮೇಲೆ ಅಪ್ಪನ್ನ ಸಂತೆಯಲ್ಲಿ ಕೇಳಿದಾರೆ, ಯಾವ ಫಾರಂ ಅಂದ್ರಂತೆ.

ಗುಂಪು ಸ್ತಬ್ಧ. ಮಂಜು ಕೂಡ ಮೂಲ ಕೇಳಲಿಲ್ಲ. ದೊಡ್ಡಪ್ಪ ಏನೋ ಬರೆದರು, ನಾವು ಓದುವಷ್ಟರಲ್ಲಿ ‘ಈ ಸಂದೇಶವನ್ನು ಅಳಿಸಲಾಗಿದೆ’ ಎಂದಾಯಿತು. ದೊಡ್ಡಪ್ಪ ಕೆಟ್ಟವರಲ್ಲ. ತಂಗಿಯನ್ನು ಜನ ನೋಡಿ ನಗುತ್ತಾರೆಂಬ ಹೆದರಿಕೆ ನಿಜವಾಗಿಯೂ ಇತ್ತು ಎಂದೇ ನನ್ನ ನಂಬಿಕೆ. ಆದರೆ ಹೆದರಿದ್ದು ಅವರು, ಮನೆಯಲ್ಲಿ ಉಳಿದದ್ದು ಅತ್ತೆ.

ಶಾರದತ್ತೆ: ಸವಿತಾ, ಅಲ್ಲಿ ಈಜಿದೋರು ಯಾರಾದ್ರೂ ಇದಾರಾ?

ಸವಿತಾ: ಇದಾರೆ ಅತ್ತೆ. ಟ್ರಿಷಾ ಜೋರ್ನ್ ಅಂತ. ಹುಟ್ಟಿನಿಂದಲೇ ಕಣ್ಣು ಸರಿಯಾಗಿ ಕಾಣಲ್ಲ. ಮೊದಲ ಪ್ಯಾರಾಲಿಂಪಿಕ್ಸ್ 1980ರಲ್ಲಿ, ಕೊನೇದು 2004ರಲ್ಲಿ, 50ಕ್ಕೂ ಹೆಚ್ಚು ಪದಕ. 2022ರಲ್ಲಿ ಹಾಲ್ ಆಫ್ ಫೇಮ್‌ಗೆ ಸೇರಿಸಿದ್ರು. ಅದೇ ವರ್ಷದ ಪಟ್ಟಿಯಲ್ಲೇ ಒಲಿಂಪಿಕ್ಸ್ ಈಜುಗಾರ ಮೈಕಲ್ ಫೆಲ್ಪ್ಸ್ ಹೆಸರೂ ಇದೆ.

ಶಾರದತ್ತೆ: 80ರಲ್ಲಿ ಅವರಿಗೆ ಎಷ್ಟು ವಯಸ್ಸು?

ಸವಿತಾ: ಹದಿನಾರು.

ಶಾರದತ್ತೆ: ಫಾರಂ ಬಂದಾಗ ನಂಗೂ ಹದಿನಾರು.

ಮತ್ತೆ ಯಾರೂ ಏನೂ ಬರೆಯಲಿಲ್ಲ. ಸ್ವಲ್ಪ ಹೊತ್ತಾದ ಮೇಲೆ ಸವಿತಾ ತಾನಾಗಿಯೇ ಬರೆದಳು: ಆ ಮ್ಯೂಸಿಯಂನಲ್ಲಿ ಎಲ್ಲರೂ ಮೊದಲು ಲಿಫ್ಟ್‌ನಲ್ಲಿ ಮೇಲಕ್ಕೆ ಹೋಗಿ, ಅಲ್ಲಿಂದ ಸುತ್ತಿ ಸುತ್ತಿ ಇಳಿಯುವ ಇಳಿಜಾರಿನಲ್ಲಿ ಕೆಳಗೆ ಬರ್ತಾರೆ, ಗಾಲಿಕುರ್ಚಿಯವರಿಗೆ ಬೇರೆ ದಾರಿ ಅಂತ ಇಲ್ಲ, ಎಲ್ಲರದ್ದೂ ಅದೇ ದಾರಿ.

ಶಾರದತ್ತೆ: ವಿಡಿಯೋ ಇದ್ರೆ ಕಳಿಸಮ್ಮ.

ಸವಿತಾ ಕಳಿಸಿದಳು, 42 ಸೆಕೆಂಡ್. ಅವಳ ಮಗ ಮುಂದೆ ಓಡುತ್ತಿದ್ದಾನೆ, ಪಕ್ಕದಲ್ಲಿ ಗಾಲಿಕುರ್ಚಿಯಲ್ಲಿ ಒಬ್ಬ ಅಜ್ಜ, ಇಬ್ಬರ ನಡುವೆ ಇನ್ನೂ ಜಾಗವಿದೆ.

ಶಾರದತ್ತೆ: ನನ್ನ ವಾಕರ್ ಆರಾಮಾಗಿ ಹೋಗುತ್ತೆ ಇದರಲ್ಲಿ.