ಆಟಿಸಂ ಇರುವ ಮಗಳಿಗೆ ಯಾವ ಕಥೆಪುಸ್ತಕ? ಓದಿಸಿದವರು ಅನುಭವ ತಿಳಿಸಿ

ಪ್ರಶ್ನೆ: 11 ವರ್ಷದ ಮಗಳಿಗೆ ಆಟಿಸಂ ಇದೆಯೆಂದು ಈಚೆಗಷ್ಟೇ ಗೊತ್ತಾಗಿದೆ. ತನ್ನಂಥವರಿರುವ ಕಥೆ ಬೇಕೆಂದು ಅವಳೇ ಕೇಳುತ್ತಿದ್ದಾಳೆ. ಯಾವುದನ್ನು ಕೊಡಲಿ?

ಒಬ್ಬ ತಂದೆ: ಎಲ್ಲರೂ ಮೊದಲು ಹೇಳುವುದು ಮಾರ್ಕ್ ಹ್ಯಾಡನ್ ಅವರ 2003ರ ‘ದಿ ಕ್ಯೂರಿಯಸ್ ಇನ್ಸಿಡೆಂಟ್ ಆಫ್ ದಿ ಡಾಗ್ ಇನ್ ದಿ ನೈಟ್-ಟೈಮ್’ ಕಾದಂಬರಿಯನ್ನು, ನನಗೂ ಅದನ್ನೇ ಹೇಳಿದ್ದರು. ಅಧ್ಯಾಯಗಳಿಗೆ ಅವಿಭಾಜ್ಯ ಸಂಖ್ಯೆಗಳನ್ನಷ್ಟೇ ಕೊಟ್ಟಿರುವುದನ್ನು ಕಂಡು ಮಗ ಹಿಗ್ಗಿದ್ದೇನೋ ನಿಜ. ಆದರೆ ಕಥಾನಾಯಕನಾದ ಹುಡುಗ ಪತ್ತೆಹಚ್ಚಲು ಹೊರಟ ನಾಯಿಯ ಕೊಲೆಗಾರ ಅವನ ತಂದೆಯೇ ಎಂಬುದೂ, ಸತ್ತಳೆಂದು ಆತ ಹೇಳಿದ್ದ ತಾಯಿ ಬದುಕಿದ್ದಾಳೆಂಬುದೂ ಬಯಲಾದ ಭಾಗವನ್ನು ಓದಿದ ಮೇಲೆ ನನ್ನ ಮಗ ರಾತ್ರಿ ಬಾಗಿಲಿಗೆ ಕುರ್ಚಿ ಅಡ್ಡವಿಟ್ಟು ಮಲಗತೊಡಗಿದ. ನಾನು ಬಡಿಸಿದರೆ ಊಟ ಮುಟ್ಟುತ್ತಿರಲಿಲ್ಲ. ‘ಅಪ್ಪಾ, ನನಗೆ ಏನೇನು ಸುಳ್ಳು ಹೇಳಿದ್ದೀಯೋ ಎಲ್ಲವನ್ನೂ ಪಟ್ಟಿ ಮಾಡಿಕೊಡು’ ಎಂದು ಹಟ ಹಿಡಿದ, ಮಾಡಿಯೂ ಕೊಟ್ಟೆ.

ಇನ್ನೊಬ್ಬರು: ಕಥೆಯ ಗುಟ್ಟನ್ನು ಹೀಗೆ ಬಿಟ್ಟುಕೊಡಬಾರದಿತ್ತು ಸರ್.

ಅದೇ ತಂದೆ: ನನಗೆ ಯಾರಾದರೂ ಬಿಟ್ಟುಕೊಟ್ಟಿದ್ದರೆ ಚೆನ್ನಾಗಿತ್ತು!

ಆಟಿಸಂ ಇರುವ ಓದುಗಿ: ನನ್ನ ತಕರಾರು ಬೇರೆ. ತಾವು ಈ ವಿಷಯದಲ್ಲಿ ತಜ್ಞರಲ್ಲವೆಂದು ಹ್ಯಾಡನ್ ಅವರೇ ಹೇಳಿದ್ದರೂ ಜನ ಆ ಕಾದಂಬರಿಯನ್ನೇ ಅಳತೆಗೋಲು ಮಾಡಿಕೊಂಡಿದ್ದಾರೆ. ಆ ಹುಡುಗನಿಗೆ ಸುಳ್ಳು ಹೇಳಲು ಬರುವುದಿಲ್ಲವಲ್ಲ, ಅದನ್ನು ಓದಿದ್ದ ಸಹೋದ್ಯೋಗಿಯೊಬ್ಬರು ‘ನೀವು ಸುಳ್ಳು ಹೇಳಬಲ್ಲಿರಿ, ನಿಮಗೆಲ್ಲಿಯ ಆಟಿಸಂ?’ ಎಂದು ಸಭೆಯಲ್ಲೇ ನಕ್ಕರು. ಅಂದಿನಿಂದ, ಸ್ವತಃ ಆಟಿಸಂ ಇರುವವರು ಬರೆದದ್ದನ್ನು ಮಾತ್ರ ಓದುತ್ತೇನೆ. ಎಲ್ ಮೆಕ್‌ನಿಕೋಲ್ ಅವರ ‘ಎ ಕೈಂಡ್ ಆಫ್ ಸ್ಪಾರ್ಕ್’ (2020) ಅಂಥದ್ದು. ಅದರ ನಾಯಕಿ ಆ್ಯಡಿಗೂ 11 ವರ್ಷ, ಅವಳ ಅಕ್ಕನಿಗೂ ಆಟಿಸಂ. ಆರಂಭದಲ್ಲೇ ಶಿಕ್ಷಕಿ ಆ್ಯಡಿಯ ಬರಹವನ್ನು ಹರಿದುಹಾಕುವ ದೃಶ್ಯ ಬರುತ್ತದೆ, ನಾನು ಅಲ್ಲಿಯೇ ಬಹಳ ದಿನ ನಿಂತುಬಿಟ್ಟೆ.

ಒಬ್ಬ ತಾಯಿ: ಮಾತು ಬಲ್ಲವರ ಕಥೆಗಳೇ ಆಯಿತು! ನನ್ನ ಮಗ ಮಾತನಾಡುವುದಿಲ್ಲ. ಆಟಿಸಂ ಇರುವ, ಮಾತನಾಡುವುದು ಕಷ್ಟವಾದ ಜಪಾನಿನ ನವೋಕಿ ಹಿಗಾಶಿದಾ 13ನೆಯ ವಯಸ್ಸಿನಲ್ಲಿ ಬರೆದ, 2013ರಲ್ಲಿ ಇಂಗ್ಲಿಷಿಗೆ ಬಂದ ‘ದಿ ರೀಸನ್ ಐ ಜಂಪ್’ ಓದಿದ ಮೇಲೆಯೇ ನಾನು ಅವನ ಕುಣಿತವನ್ನು ತಡೆಯುವುದನ್ನು ನಿಲ್ಲಿಸಿದ್ದು.

ಒಬ್ಬ ವಾಕ್ ಚಿಕಿತ್ಸಕ: ಆ ಪುಸ್ತಕ ಅಕ್ಷರಫಲಕದ (ಅಕ್ಷರಗಳನ್ನು ಒಂದೊಂದಾಗಿ ತೋರಿಸಿ ಪದ ಕಟ್ಟುವ ಹಲಗೆ) ನೆರವಿನಿಂದ ಮೂಡಿದ್ದು, ಅದೆಷ್ಟು ಬಾಲಕನದೇ ಮಾತು ಎಂಬ ಪ್ರಶ್ನೆ ಇನ್ನೂ ಇದೆ. ಬೇರೊಬ್ಬರು ಕೈ ಹಿಡಿದು ಅಥವಾ ಫಲಕ ಹಿಡಿದು ಬರೆಸುವ ವಿಧಾನಗಳನ್ನು ಬಳಸಬಾರದೆಂದು ಅಮೆರಿಕದ ವಾಕ್-ಶ್ರವಣ ತಜ್ಞರ ಸಂಘ 2018ರಲ್ಲಿ ಸ್ಪಷ್ಟವಾಗಿ ಹೇಳಿದೆ.

ಅದೇ ತಾಯಿ: ಹಿಗಾಶಿದಾ ಯಾರ ಆಸರೆಯೂ ಇಲ್ಲದೆ ಫಲಕದ ಅಕ್ಷರಗಳನ್ನು ತೋರಿಸುವ ದೃಶ್ಯಗಳಿವೆ, ನೋಡಿ ಮಾತನಾಡಿ. ನನ್ನ ಮಗನಿಗೆ ಏನೂ ತಿಳಿಯುವುದಿಲ್ಲವೆಂದು ಬರೆದುಕೊಟ್ಟವರೂ ನಿಮ್ಮಂಥ ಚಿಕಿತ್ಸಕರೇ.

ವಾಕ್ ಚಿಕಿತ್ಸಕ: ನಾನು ಪುಸ್ತಕದ ವಿಷಯ ಹೇಳಿದೆ, ನಿಮ್ಮ ಮಗನ ವಿಷಯವಲ್ಲ ಮೇಡಂ.

ಓದುಗಿ: ಇಬ್ಬರೂ ಸ್ವಲ್ಪ ತಾಳಿ. ಕೇಳಿದ್ದು 11 ವರ್ಷದ ಹುಡುಗಿಗೆ ಕಥೆಪುಸ್ತಕ. ಹಿಗಾಶಿದಾ ಬರೆದದ್ದು ಬಹುಪಾಲು ಪ್ರಶ್ನೋತ್ತರ.